ಅಳಿಸುವ ಮುನ್ನ ಎರಡು ಸಹಿ

ಟಿ.ವಿ.ಯ ಕೆಳಗೆ ಆಟದ ಪೆಟ್ಟಿಗೆ ಇರುವ ಮನೆಗಳಲ್ಲಿ ಒಂದಲ್ಲ ಒಂದು ದಿನ ಪರದೆಯ ಮೇಲೆ ಒಂದು ಸೂಚನೆ ಮೂಡುತ್ತದೆ: ಜಾಗ ಸಾಲದು, ಏನನ್ನಾದರೂ ಅಳಿಸಿ. ಪ್ಲೇಸ್ಟೇಷನ್ ಇರಲಿ, ಎಕ್ಸ್‌ಬಾಕ್ಸ್ ಇರಲಿ, ಈ ಮಾತು ತಪ್ಪುವುದಿಲ್ಲ. ಹೊಸ ಆಟಕ್ಕಾಗಿ ಕಾದು ಕುಳಿತ ಮಕ್ಕಳಿಗೆ ತಾಳ್ಮೆ ಇರುವುದಿಲ್ಲ. ಕೈಗೆ ಸಿಕ್ಕಿದ್ದನ್ನು ಅಳಿಸಿಬಿಡುತ್ತಾರೆ. ಆಮೇಲೆ ಯಾವುದೋ ಕೋಣೆಯಿಂದ ಅಳುವ ಸದ್ದು ಕೇಳಿಸುತ್ತದೆ. ಅಷ್ಟು ಹೊತ್ತಿಗೆ ಆಗಬಾರದ್ದು ಆಗಿಹೋಗಿರುತ್ತದೆ.

ಅಜ್ಜ ಅಜ್ಜಿಯರೇ, ಇದು ನಮಗೆ ಸಂಬಂಧಿಸಿದ್ದಲ್ಲ ಎಂದು ಪುಟ ತಿರುಗಿಸಬೇಡಿ. ಏನನ್ನು ಇಡಬೇಕು, ಏನನ್ನು ಬಿಸಾಡಬೇಕು ಎಂಬ ಲೆಕ್ಕದಲ್ಲಿ ನಮಗಿಂತ ಅನುಭವಿಗಳು ಯಾರಿದ್ದಾರೆ? ಯುಗಾದಿಗೆ ಮುಂಚೆ ಅಟ್ಟ ಇಳಿಸಿ, ಹಳೆಯ ಟ್ರಂಕು ತೆಗೆದು, ಹಿತ್ತಾಳೆ ಕೊಳಗವನ್ನು ಒಂದು ಕಡೆ, ಒಡೆದ ಬಕೆಟನ್ನು ಇನ್ನೊಂದು ಕಡೆ ಇಟ್ಟವರು ನಾವು. ಮಕ್ಕಳೇ, ನಿಮಗೆ ಬಟನ್ ಒತ್ತುವುದು ಗೊತ್ತು. ಒತ್ತುವ ಮುಂಚೆ ಕೇಳಬೇಕಾದ ಪ್ರಶ್ನೆ ನಿಮ್ಮ ತಾತನಿಗೆ ಗೊತ್ತು. ಇಬ್ಬರೂ ಒಟ್ಟಿಗೆ ಕುಳಿತು ಓದಿ.

ಕಟ್ಟಡ ಬೇರೆ, ಲೆಡ್ಜರ್ ಬೇರೆ

ಮೊದಲು ಒಂದು ವ್ಯತ್ಯಾಸ ತಿಳಿಯಬೇಕು. ಆಟದ ಪೆಟ್ಟಿಗೆಯೊಳಗೆ ಒಂದೊಂದು ಆಟಕ್ಕೂ ಎರಡು ಬಗೆಯ ಸಾಮಾನು ಇರುತ್ತದೆ. ಒಂದು, ಆಟವೇ. ಅದರ ಚಿತ್ರಗಳು, ಸಂಗೀತ, ಮೈದಾನ, ರಸ್ತೆ, ಮರ, ಮನುಷ್ಯರು ಎಲ್ಲ ಅದರಲ್ಲಿ ಸೇರಿರುತ್ತವೆ. ಇನ್ನೊಂದು, ನೀವು ಆ ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದೀರಿ ಎಂಬ ದಾಖಲೆ. ಎಷ್ಟನೆಯ ಹಂತ, ಎಷ್ಟು ನಾಣ್ಯ, ಯಾವ ಬಾಗಿಲು ತೆರೆದಿದೆ, ಯಾವ ತಂಡವನ್ನು ಸೋಲಿಸಿದ್ದೀರಿ ಎಂಬ ವಿವರವೆಲ್ಲ ಅಲ್ಲಿರುತ್ತದೆ. ಇದಕ್ಕೆ ಸೇವ್ಡ್ ಡೇಟಾ ಎನ್ನುತ್ತಾರೆ. ಮಕ್ಕಳ ಬಾಯಲ್ಲಿ ಬರಿಯ 'ಸೇವ್'.

ನಾನು ಬ್ಯಾಂಕಿನಲ್ಲಿ ಗುಮಾಸ್ತನಾಗಿದ್ದವನು. ನನಗೆ ಇದು ಹೀಗೆ ಕಾಣುತ್ತದೆ. ಆಟ ಎಂದರೆ ಬ್ಯಾಂಕಿನ ಕಟ್ಟಡ. ಸೇವ್ ಎಂದರೆ ಲೆಡ್ಜರಿನ ಪುಟ. ಕಟ್ಟಡ ದೊಡ್ಡದು, ಭಾರವಾದದ್ದು, ಆದರೆ ಅದನ್ನು ಮತ್ತೆ ಕಟ್ಟಬಹುದು. ಬಾಡಿಗೆಗೆ ಬೇರೆ ಕಟ್ಟಡವೂ ಸಿಕ್ಕೀತು. ಲೆಡ್ಜರಿನ ಪುಟ ತೆಳ್ಳಗಿನದು, ಒಂದು ಕೈಯಲ್ಲಿ ಹಿಡಿಯಬಹುದು. ಆದರೆ ಅದು ಹೋದರೆ ಯಾರ ಹಣ ಎಷ್ಟು ಎಂದು ಹೇಳುವವರು ಯಾರು?

ಆಟವನ್ನು ಅಳಿಸಿದರೆ ಇಂಟರ್‌ನೆಟ್‌ನಿಂದಲೋ ಡಿಸ್ಕಿನಿಂದಲೋ ಮತ್ತೆ ಹಾಕಿಕೊಳ್ಳಬಹುದು. ಸೇವ್ ಅಳಿಸಿದರೆ, ಬೇರೆ ಕಡೆ ಪ್ರತಿ ಇಲ್ಲದಿದ್ದರೆ, ಅದು ಹೋಯಿತು. ಕಂಪ್ಯೂಟರಿನಲ್ಲಿ ಅಳಿಸಿದ ಫೈಲು ಮೊದಲು ಕಸದ ಬುಟ್ಟಿಗೆ ಹೋಗಿ ಕುಳಿತಿರುತ್ತದೆ, ಬೇಕೆಂದರೆ ಎತ್ತಿಕೊಳ್ಳಬಹುದು. ಆಟದ ಪೆಟ್ಟಿಗೆಯಲ್ಲಿ ಅಂಥ ಬುಟ್ಟಿ ಇಲ್ಲ.

ಹದಿನೈದು ಮನೆಯ ಕಾರ್ಡು

ಮೊದಮೊದಲು ಆಟಗಳಿಗೆ ನೆನಪೇ ಇರಲಿಲ್ಲ. 1978ರಲ್ಲಿ ಜಪಾನಿನಲ್ಲಿ ಬಂದ ಸ್ಪೇಸ್ ಇನ್‌ವೇಡರ್ಸ್ ಆಟ ಅತಿ ಹೆಚ್ಚು ಅಂಕವನ್ನು ಪರದೆಯ ಮೇಲೆ ತೋರಿಸುತ್ತಿತ್ತು. ಕರೆಂಟು ತೆಗೆದರೆ ಅದೂ ಮಾಯ. ಹಲಗೆಯ ಮೇಲೆ ಸೀಮೆಸುಣ್ಣದಲ್ಲಿ ಬರೆದ ಹಾಗೆ.

ಆಮೇಲೆ ಒಂದು ಉಪಾಯ ಮಾಡಿದರು. ಆಡುವವನು ಎಲ್ಲಿಯವರೆಗೆ ಬಂದಿದ್ದಾನೆ ಎಂಬುದನ್ನು ಒಂದು ಗುಪ್ತಪದವಾಗಿ ಪರದೆಯ ಮೇಲೆ ತೋರಿಸುವುದು. ಅದನ್ನು ಕಾಗದದಲ್ಲಿ ಬರೆದಿಟ್ಟುಕೊಂಡು ಮರುದಿನ ಒತ್ತಿದರೆ ಅಲ್ಲಿಂದಲೇ ಆಟ ಶುರು. ಅಮೆರಿಕದಲ್ಲಿ 1987ರಲ್ಲಿ ಬಂದ ಮೆಟ್ರಾಯ್ಡ್ ಆಟದ ಗುಪ್ತಪದ 24 ಅಕ್ಷರಗಳದ್ದು. ಒಂದು ಅಕ್ಷರ ತಪ್ಪಿ ಬರೆದುಕೊಂಡರೂ ಪಟ್ಟ ಶ್ರಮವೆಲ್ಲ ನೀರುಪಾಲು.

ಅದೇ ವರ್ಷ ಅಮೆರಿಕದಲ್ಲಿ ನಿಂಟೆಂಡೊ ಕಂಪನಿಯ ದಿ ಲೆಜೆಂಡ್ ಆಫ್ ಜೆಲ್ಡಾ ಆಟದ ಚಿನ್ನದ ಬಣ್ಣದ ಕಾರ್ಟ್ರಿಜ್ ಬಂತು. ನಮ್ಮ ಕಡೆ ಇಂಥದ್ದನ್ನು ಕ್ಯಾಸೆಟ್ ಎನ್ನುತ್ತಿದ್ದರು. ಅದರೊಳಗೆ ಒಂದು ಪುಟ್ಟ ಬ್ಯಾಟರಿ ಇತ್ತು. ಯಂತ್ರ ಆರಿಸಿದರೂ ಆ ಬ್ಯಾಟರಿಯ ಬಲದಿಂದ ನೆನಪು ಉಳಿಯುತ್ತಿತ್ತು. ಆದರೆ ಯಂತ್ರವನ್ನು ಸುಮ್ಮನೆ ಆರಿಸುವಂತಿರಲಿಲ್ಲ. ರೀಸೆಟ್ ಗುಂಡಿಯನ್ನು ಒತ್ತಿ ಹಿಡಿದುಕೊಂಡೇ ಆರಿಸಬೇಕು ಎಂಬ ಸೂಚನೆ ಇತ್ತು. ವರ್ಷಗಳ ನಂತರ ಬ್ಯಾಟರಿ ಸತ್ತರೆ ಒಳಗಿದ್ದ ದಾಖಲೆಯೂ ಹೋದಂತೆಯೇ.

1994ರಲ್ಲಿ ಜಪಾನಿನಲ್ಲಿ ಸೋನಿ ಕಂಪನಿಯ ಮೊದಲ ಪ್ಲೇಸ್ಟೇಷನ್ ಬಂದಾಗ ಮೆಮೊರಿ ಕಾರ್ಡ್ ಎಂಬ ಬಿಡಿ ತುಂಡು ಬಂತು. ಅದರ ಗಾತ್ರ 128 ಕಿಲೊಬೈಟ್, ಅದರಲ್ಲಿ 15 ಮನೆಗಳು. ಒಂದು ಆಟದ ದಾಖಲೆಗೆ ಒಂದು ಮನೆ ಬೇಕು, ಕೆಲವಕ್ಕೆ ಹೆಚ್ಚು. ಹದಿನೈದೂ ತುಂಬಿದರೆ? ಆಗಲೇ ಶುರುವಾದದ್ದು 'ಯಾವುದನ್ನು ಅಳಿಸಲಿ' ಎಂಬ ಸಂಕಟ. ಅಣ್ಣ ತಂಗಿಯರ ನಡುವೆ ಆ ಕಾರ್ಡಿಗಾಗಿ ನಡೆದ ಜಗಳಗಳನ್ನು ಈಗ ನಲವತ್ತು ದಾಟಿದ ನಿಮ್ಮ ಅಪ್ಪ ಅಮ್ಮಂದಿರಲ್ಲಿ ಕೆಲವರು ಹೇಳಬಲ್ಲರು.

2001ರಲ್ಲಿ ಮೈಕ್ರೋಸಾಫ್ಟಿನ ಮೊದಲ ಎಕ್ಸ್‌ಬಾಕ್ಸ್ ಹಾರ್ಡ್ ಡಿಸ್ಕನ್ನು ಹೊಟ್ಟೆಯೊಳಗೇ ಇಟ್ಟುಕೊಂಡು ಬಂತು. ಕಾರ್ಡಿನ ಕಾಟ ತಪ್ಪಿತು. ಆದರೆ ಕಣಜ ದೊಡ್ಡದಾದಂತೆ ಫಸಲೂ ದೊಡ್ಡದಾಯಿತು. ಈಗ ಆಟಗಳೇ ಆನೆಯ ಗಾತ್ರಕ್ಕೆ ಬೆಳೆದಿವೆ.

ಸ್ವಲ್ಪ ಲೆಕ್ಕ ಮಾಡೋಣ

ಮಕ್ಕಳೇ, ಕಾಗದ ಪೆನ್ಸಿಲ್ ತೆಗೆದುಕೊಳ್ಳಿ.

ಬೈಟ್ ಎನ್ನುವುದು ದಾಖಲೆಯ ಸಣ್ಣ ಅಳತೆ. ಇಂಗ್ಲಿಷಿನ ಒಂದು ಅಕ್ಷರಕ್ಕೆ ಒಂದು ಬೈಟ್ ಸಾಕು. ಇಂದು ಎಲ್ಲೆಡೆ ಬಳಕೆಯಲ್ಲಿರುವ ಯುಟಿಎಫ್-8 ಕ್ರಮದಲ್ಲಿ ಕನ್ನಡದ ಒಂದೊಂದು ಚಿಹ್ನೆಗೂ ಮೂರು ಬೈಟ್. 'ಸ್ತ್ರೀ' ಎಂದು ಬರೆದರೆ ಕಣ್ಣಿಗೆ ಒಂದೇ ಅಕ್ಷರ, ಯಂತ್ರಕ್ಕೆ ಆರು ಚಿಹ್ನೆ, ಹದಿನೆಂಟು ಬೈಟ್! ಸಾವಿರ ಬೈಟ್ ಸೇರಿದರೆ ಒಂದು ಕೆಬಿ, ಸಾವಿರ ಕೆಬಿ ಒಂದು ಎಂಬಿ, ಸಾವಿರ ಎಂಬಿ ಒಂದು ಜಿಬಿ. ಕಂಪ್ಯೂಟರಿನವರು ಕೆಲವೊಮ್ಮೆ 1024ರ ಲೆಕ್ಕ ಹಿಡಿಯುತ್ತಾರೆ, ನಮ್ಮ ಲೆಕ್ಕಕ್ಕೆ ಸಾವಿರ ಸಾಕು.

ಪ್ಲೇಸ್ಟೇಷನ್ 5 ನಮ್ಮ ದೇಶದಲ್ಲಿ ಮಾರಾಟಕ್ಕೆ ಬಂದದ್ದು 2021ರ ಫೆಬ್ರುವರಿ 2ರಂದು. ಆ ಮೊದಲ ಮಾದರಿಯ ಮೇಲೆ ಬರೆದಿದ್ದು 825 ಜಿಬಿ. ಆದರೆ ಆಟಗಳನ್ನು ಇಡಲು ಸಿಗುತ್ತಿದ್ದುದು ಸುಮಾರು 667 ಜಿಬಿ. ಉಳಿದದ್ದು ಯಂತ್ರದ ಸ್ವಂತ ಕೆಲಸಕ್ಕೆ. ಸಂಬಳದ ಚೀಟಿಯಲ್ಲಿ ಒಟ್ಟು ಮೊತ್ತ ಒಂದು, ಕೈಗೆ ಬರುವುದು ಇನ್ನೊಂದು ಇರುತ್ತದಲ್ಲ, ಹಾಗೆ.

ಈಗ ಒಂದು ದೊಡ್ಡ ಆಟ 100 ಜಿಬಿ ಎಂದಿಟ್ಟುಕೊಳ್ಳಿ. ಇದು ಉತ್ಪ್ರೇಕ್ಷೆಯಲ್ಲ. 2019ರ ಕಾಲ್ ಆಫ್ ಡ್ಯೂಟಿ: ಮಾಡರ್ನ್ ವಾರ್‌ಫೇರ್ ಎಂಬ ಆಟ ಪರಿಷ್ಕರಣೆಗಳೆಲ್ಲ ಸೇರಿ 200 ಜಿಬಿಯನ್ನೂ ದಾಟಿತ್ತು. 667 ಜಿಬಿ ಜಾಗಕ್ಕೆ 100 ಜಿಬಿಯ ಆಟಗಳು ಆರು ಹಿಡಿಸುತ್ತವೆ, ಏಳನೆಯದು ಹೊರಗೇ ನಿಲ್ಲಬೇಕು.

ಸೇವ್ ಎಷ್ಟು ದೊಡ್ಡದು? ಆಟದಿಂದ ಆಟಕ್ಕೆ ವ್ಯತ್ಯಾಸವಿದೆ, ಆದರೂ ಹೆಚ್ಚಿನವು ಕೆಲವೇ ಎಂಬಿ. ಹತ್ತು ಎಂಬಿ ಎಂದು ಹಿಡಿಯೋಣ. ಒಂದು 100 ಜಿಬಿ ಆಟದಷ್ಟು ಜಾಗ ಮಾಡಲು ಇಂಥ ಎಷ್ಟು ಸೇವ್‌ಗಳನ್ನು ಅಳಿಸಬೇಕು? 100 ಜಿಬಿ ಎಂದರೆ ಒಂದು ಲಕ್ಷ ಎಂಬಿ. ಹತ್ತರಿಂದ ಭಾಗಿಸಿ. ಹತ್ತು ಸಾವಿರ!

ಈ ಲೆಕ್ಕದಲ್ಲಿ ಈ ಲೇಖನದ ಸಾರವೇ ಇದೆ. ಜಾಗಕ್ಕಾಗಿ ಸೇವ್ ಅಳಿಸುವುದು ಮನೆಯಲ್ಲಿ ಇಕ್ಕಟ್ಟಾಯಿತೆಂದು ಬೀರುವಿನಿಂದ ಪಾಸ್‌ಬುಕ್ ತೆಗೆದು ಬಿಸಾಡಿದ ಹಾಗೆ. ಜಾಗವೂ ಆಗುವುದಿಲ್ಲ, ಪಾಸ್‌ಬುಕ್ಕೂ ಇರುವುದಿಲ್ಲ.

ಜಾಗ ತಿಂದವರು ಯಾರು?

ಹಾಗಾದರೆ ಏನನ್ನು ತೆಗೆಯಬೇಕು? ಮೊದಲು ಜಾಗ ತಿಂದವರು ಯಾರೆಂದು ನೋಡಬೇಕು.

ಪ್ಲೇಸ್ಟೇಷನ್ 5ರಲ್ಲಿ ಸೆಟ್ಟಿಂಗ್ಸ್‌ಗೆ ಹೋಗಿ ಸ್ಟೋರೇಜ್ ಎಂಬುದನ್ನು ತೆರೆಯಿರಿ. ಅದರಲ್ಲಿ ಕನ್ಸೋಲ್ ಸ್ಟೋರೇಜ್. ಅಲ್ಲಿ ಗೇಮ್ಸ್ ಅಂಡ್ ಆ್ಯಪ್ಸ್, ಮೀಡಿಯಾ ಗ್ಯಾಲರಿ, ಸೇವ್ಡ್ ಡೇಟಾ, ಅದರ್ ಎಂದು ಲೆಕ್ಕ ಬಿಡಿಸಿ ಕೊಟ್ಟಿರುತ್ತದೆ. ಪ್ಲೇಸ್ಟೇಷನ್ 4ರಲ್ಲಿಯೂ ಸೆಟ್ಟಿಂಗ್ಸ್, ಸ್ಟೋರೇಜ್ ಎಂದು ಹೋದರೆ ಇಂಥದೇ ಪಟ್ಟಿ ಸಿಗುತ್ತದೆ. ಅಲ್ಲಿ ಚಿತ್ರ ವಿಡಿಯೊಗಳಿಗೆ ಕ್ಯಾಪ್ಚರ್ ಗ್ಯಾಲರಿ ಎಂಬ ಹೆಸರು. ಒಂದೊಂದರ ಮುಂದೆ ಎಷ್ಟು ಜಾಗ ಎಂದು ಬರೆದಿರುವುದನ್ನು ಒಂದು ಕಾಗದದಲ್ಲಿ ಬರೆದುಕೊಳ್ಳಿ.

ಮೊದಲು ಕೈ ಹಾಕಬೇಕಾದದ್ದು ಚಿತ್ರ ವಿಡಿಯೊಗಳಿಗೆ. ಪ್ಲೇಸ್ಟೇಷನ್ 5 ನೀವು ಒಂದು ಟ್ರೋಫಿ ಗೆದ್ದಾಗ ತಾನಾಗಿಯೇ ವಿಡಿಯೊ ಹಿಡಿದಿಡುತ್ತದೆ. ನೀವು ಕೇಳದಿದ್ದರೂ ಮದುವೆಮನೆಯ ಫೋಟೊಗ್ರಾಫರನಂತೆ ಹಿಡಿಯುತ್ತಲೇ ಇರುತ್ತದೆ. ಬೇಕಾದ ನಾಲ್ಕನ್ನು ಪೆನ್ ಡ್ರೈವ್‌ಗೆ ಹಾಕಿಕೊಂಡು ಉಳಿದದ್ದನ್ನು ತೆಗೆಯಬಹುದು. ಸೆಟ್ಟಿಂಗ್ಸ್‌ನ ಕ್ಯಾಪ್ಚರ್ಸ್ ಅಂಡ್ ಬ್ರಾಡ್‌ಕಾಸ್ಟ್ಸ್ ವಿಭಾಗದಲ್ಲಿ ಈ ಅಭ್ಯಾಸವನ್ನು ನಿಲ್ಲಿಸಲೂಬಹುದು.

ಎರಡನೆಯದು, ಆಡಿ ಮುಗಿಸಿದ ದೊಡ್ಡ ಆಟಗಳು. ಆಟದ ಚಿತ್ರದ ಮೇಲೆ ನಿಂತು ಕೈಯಲ್ಲಿರುವ ಕಂಟ್ರೋಲರಿನ ಆಪ್ಷನ್ಸ್ ಗುಂಡಿ ಒತ್ತಿದರೆ ಡಿಲೀಟ್ ಎಂಬ ಸಾಲು ಬರುತ್ತದೆ. ಇಲ್ಲಿ ಗಮನಿಸಿ: ಪ್ಲೇಸ್ಟೇಷನ್‌ನಲ್ಲಿ ಹೀಗೆ ಆಟವನ್ನು ಅಳಿಸಿದರೆ ಅದರ ಸೇವ್ ಅಳಿಯುವುದಿಲ್ಲ. ಅದು ಬೇರೆ ಕಪಾಟಿನಲ್ಲಿ ಹಾಗೆಯೇ ಇರುತ್ತದೆ. ಆರು ತಿಂಗಳ ನಂತರ ಅದೇ ಆಟವನ್ನು ಮತ್ತೆ ಹಾಕಿದರೆ ಬಿಟ್ಟಲ್ಲಿಂದಲೇ ಆಡಬಹುದು.

ಡಿಸ್ಕ್ ಕೊಂಡಿದ್ದೇವೆ, ಆಟ ಡಿಸ್ಕಿನಲ್ಲೇ ಇದೆಯಲ್ಲ ಎಂದು ಅನೇಕ ಹಿರಿಯರು ಕೇಳುತ್ತಾರೆ. ಈಗಿನ ಯಂತ್ರಗಳಲ್ಲಿ ಡಿಸ್ಕಿನ ಆಟವೂ ಒಳಗಿನ ಜಾಗಕ್ಕೆ ನಕಲಾಗಿಯೇ ನಡೆಯುವುದು. ಡಿಸ್ಕ್ ಇದ್ದರೆ ಅಳಿಸಿದ್ದನ್ನು ಮರಳಿ ಹಾಕುವುದು ಸುಲಭ, ಅಷ್ಟೆ.

ಡಿಸ್ಕ್ ಇಲ್ಲದೆ ಇಂಟರ್‌ನೆಟ್‌ನಿಂದಲೇ ತರಿಸಬೇಕೆಂದರೆ ಸಮಯದ ಲೆಕ್ಕವೂ ಬೇಕು. 100 ಜಿಬಿ ಎಂದರೆ ಎಂಟು ಲಕ್ಷ ಮೆಗಾಬಿಟ್. ಮನೆಯ ಸಂಪರ್ಕ ಸೆಕೆಂಡಿಗೆ 40 ಮೆಗಾಬಿಟ್ ಎಂದರೆ 20,000 ಸೆಕೆಂಡು, ಅಂದರೆ ಐದೂವರೆ ಗಂಟೆ. 100 ಮೆಗಾಬಿಟ್ ಆದರೆ ಎರಡು ಕಾಲು ಗಂಟೆಯ ಹತ್ತಿರ. ಇವತ್ತು ಅಳಿಸಿ ನಾಳೆ ಬೇಕು ಎನ್ನುವ ಮಕ್ಕಳು ಇದನ್ನು ನೆನಪಿಡಬೇಕು.

ಪುಟ್ಟಿಯ ಊರು

ಕಳೆದ ಬೇಸಿಗೆ ರಜೆಯಲ್ಲಿ ಬೆಂಗಳೂರಿನ ಮಗನ ಮನೆಯಲ್ಲಿದ್ದೆ. ಮೊಮ್ಮಗ ಒಂಬತ್ತನೆಯ ತರಗತಿ, ಮೊಮ್ಮಗಳು ನಾಲ್ಕನೆಯದು. ಒಂದು ಬೆಳಗ್ಗೆ ಹೊಸ ಫುಟ್‌ಬಾಲ್ ಆಟಕ್ಕೆ ಜಾಗ ಸಾಲಲಿಲ್ಲ.

"ತಾತ, ಇವಳ ಊರು ಡಿಲೀಟ್ ಮಾಡ್ತೀನಿ. ಇವಳು ಈಗ ಅದನ್ನ ಆಡೋದೇ ಇಲ್ಲ" ಎಂದ.

ಊರು ಎಂದರೆ ಇಟ್ಟಿಗೆ ಇಟ್ಟಿಗೆ ಜೋಡಿಸಿ ಕಟ್ಟುವ ಆಟದಲ್ಲಿ ಅವಳು ಎರಡು ವರ್ಷದಿಂದ ಕಟ್ಟಿದ್ದ ಊರು. ಅದರಲ್ಲಿ ಒಂದು ಕೆರೆ, ಕೆರೆಯ ಏರಿ, ಶಾಲೆ, ಸಂತೆ ಮಾಳ. ಅವಳ ಅಜ್ಜಿಗೆ ಆಟ ಬಾರದು. ಆದರೂ ಒಂದು ಸಲ ಪಕ್ಕದಲ್ಲಿ ಕುಳಿತು ನೋಡಿ, "ಅಲ್ಲ ಕಣೇ, ಇಷ್ಟು ದೊಡ್ಡ ಮನೆ ಕಟ್ಟಿದೀಯ, ತುಳಸಿಕಟ್ಟೆ ಎಲ್ಲಿ?" ಎಂದಿದ್ದಳಂತೆ. ಮರುದಿನವೇ ಊರಿನ ಪ್ರತಿ ಮನೆಯ ಮುಂದೆಯೂ ಹಸಿರು ಇಟ್ಟಿಗೆಯ ತುಳಸಿಕಟ್ಟೆ ಎದ್ದಿತ್ತು.

ಪುಟ್ಟಿ ಅಳಲಿಲ್ಲ. ಟಿ.ವಿ.ಗೆ ಅಡ್ಡವಾಗಿ ನಿಂತುಬಿಟ್ಟಳು.

ನಾನು ಹುಡುಗನನ್ನು ಕೇಳಿದೆ, "ಅವಳ ಊರು ಎಷ್ಟು ಜಾಗ ತಿಂದಿದೆ ಅಂತ ನೋಡಿದ್ಯೇನೋ?"

ನೋಡಿರಲಿಲ್ಲ. ಪಟ್ಟಿ ತೆಗೆಸಿದೆ. ಊರಿನ ಸೇವ್ 30 ಎಂಬಿಯೂ ಇರಲಿಲ್ಲ. ಇವನ ಟ್ರೋಫಿಯ ವಿಡಿಯೊಗಳೇ ಅದರ ನೂರಾರು ಪಾಲು ಇದ್ದವು. ಹೋದ ವರ್ಷದ ಫುಟ್‌ಬಾಲ್ ಆಟ ಹಾಗೆಯೇ ಕುಳಿತಿತ್ತು, ಅದರ ಡಿಸ್ಕು ಕೂಡ ಕಪಾಟಿನಲ್ಲಿತ್ತು. ಅವೆರಡನ್ನೂ ತೆಗೆದದ್ದೇ ತಡ, ಹೊಸ ಆಟಕ್ಕೆ ಜಾಗವಾಗಿ ಇನ್ನೂ ಮಿಕ್ಕಿತು.

ಇನ್ನೊಂದು ಸಂಗತಿ ಆಗ ಗೊತ್ತಾಯಿತು. ಇಬ್ಬರೂ ಒಂದೇ ಹೆಸರಿನಲ್ಲಿ, ಅಂದರೆ ಅಣ್ಣನ ಹೆಸರಿನಲ್ಲಿ, ಆಡುತ್ತಿದ್ದರು. ಆದ್ದರಿಂದಲೇ ತಂಗಿಯ ಊರು ಅಣ್ಣನ ಕೈಗೆ ಸಿಕ್ಕಿತ್ತು. ಬ್ಯಾಂಕಿನಲ್ಲಿ ತಂಗಿಯ ಖಾತೆಯನ್ನು ಅಣ್ಣ ಬಂದು ಮುಚ್ಚಿಸಲು ಆಗುತ್ತದೆಯೇ? ಪೆಟ್ಟಿಗೆಯಲ್ಲಿಯೂ ಒಬ್ಬೊಬ್ಬರಿಗೆ ಒಂದೊಂದು ಯೂಸರ್ ಹೆಸರು ಮಾಡಿಕೊಡಬಹುದು. ಆಟ ಎಲ್ಲರಿಗೂ ಒಂದೇ, ಸೇವ್ ಮಾತ್ರ ಅವರವರದು. ಮನೆಯಲ್ಲಿ ಎಷ್ಟು ಮಕ್ಕಳೋ ಅಷ್ಟು ಖಾತೆ ಇರಲಿ. ಆದರೆ ಒಂದು ಎಚ್ಚರಿಕೆ: ಯೂಸರ್ ಹೆಸರನ್ನೇ ಅಳಿಸಿದರೆ ಆ ಹೆಸರಿನ ಸೇವ್, ಚಿತ್ರ, ವಿಡಿಯೊ ಎಲ್ಲವೂ ಪೆಟ್ಟಿಗೆಯಿಂದ ಹೋಗುತ್ತವೆ.

ಪ್ರತಿ ಇಡುವುದು ಹೇಗೆ?

ಸೇವ್ ಅಳಿಸಲೇಬೇಕಾದ ಸಂದರ್ಭವೂ ಉಂಟು. ಸೇವ್ ಕೆಟ್ಟುಹೋಗಿ ಆಟ ತೆರೆಯದಿರಬಹುದು. ಮೊದಲಿನಿಂದ ಆಡಬೇಕೆನಿಸಬಹುದು. ಯಂತ್ರವನ್ನು ಮಾರಬೇಕಾಗಬಹುದು. ಆಗ ಮೊದಲು ಪ್ರತಿ ಮಾಡಿಕೊಳ್ಳಿ. ಒಂದೊಂದು ಯಂತ್ರದ ಕ್ರಮ ಒಂದೊಂದು.

ಪ್ಲೇಸ್ಟೇಷನ್ 4: ಸೆಟ್ಟಿಂಗ್ಸ್‌ನಲ್ಲಿ ಅಪ್ಲಿಕೇಷನ್ ಸೇವ್ಡ್ ಡೇಟಾ ಮ್ಯಾನೇಜ್‌ಮೆಂಟ್ ಎಂಬುದಿದೆ. ಅದರೊಳಗೆ ಸೇವ್ಡ್ ಡೇಟಾ ಇನ್ ಸಿಸ್ಟಮ್ ಸ್ಟೋರೇಜ್. ಅಲ್ಲಿ ಪೆನ್ ಡ್ರೈವ್‌ಗೆ ನಕಲು ಮಾಡುವ ಸಾಲು ಇದೆ, ಅಳಿಸುವ ಸಾಲೂ ಇದೆ. ನಕಲಿಗೆ ಹಣ ಕೊಡಬೇಕಿಲ್ಲ.

ಪ್ಲೇಸ್ಟೇಷನ್ 5: ಸೆಟ್ಟಿಂಗ್ಸ್‌ನಲ್ಲಿ ಸೇವ್ಡ್ ಡೇಟಾ ಅಂಡ್ ಗೇಮ್/ಆ್ಯಪ್ ಸೆಟ್ಟಿಂಗ್ಸ್. ಇಲ್ಲಿ ಪಿಎಸ್4 ಆಟಗಳ ಸೇವ್ ಬೇರೆ, ಪಿಎಸ್5 ಆಟಗಳದು ಬೇರೆ. ಪಿಎಸ್4 ಆಟದ ಸೇವನ್ನು ಪೆನ್ ಡ್ರೈವ್‌ಗೆ ಹಾಕಬಹುದು. ಪಿಎಸ್5 ಆಟದ ಸೇವನ್ನು ಹಾಗೆ ಹಾಕಲು ಬರುವುದಿಲ್ಲ. ಅದನ್ನು ಬಿಡಿಯಾಗಿ ಪ್ರತಿ ಮಾಡಿಡಲು ಕ್ಲೌಡ್ ಬೇಕು, ಅಂದರೆ ದೂರದ ಕಂಪ್ಯೂಟರುಗಳಲ್ಲಿ ಇಟ್ಟುಕೊಡುವ ಸೌಲಭ್ಯ. ಅದಕ್ಕೆ ಪ್ಲೇಸ್ಟೇಷನ್ ಪ್ಲಸ್ ಎಂಬ ಚಂದಾ ಕಟ್ಟಿರಬೇಕು. ಚಂದಾ ಇಲ್ಲದ ಮನೆಯಲ್ಲಿ ಆ ಸೇವ್ ಸಾಮಾನ್ಯವಾಗಿ ಇರುವುದು ಪೆಟ್ಟಿಗೆಯೊಳಗೆ ಮಾತ್ರ. ಒಂದೇ ಪ್ರತಿಯ ದಾಖಲೆ. ಅದಕ್ಕೆ ತಕ್ಕ ಎಚ್ಚರ ಬೇಕು.

ಎಕ್ಸ್‌ಬಾಕ್ಸ್: ಎಕ್ಸ್‌ಬಾಕ್ಸ್ ಒನ್ ಮತ್ತು ಅದರ ನಂತರದ ಯಂತ್ರಗಳು ಇಂಟರ್‌ನೆಟ್ ಇದ್ದರೆ ತಾವಾಗಿಯೇ ಸೇವನ್ನು ಕ್ಲೌಡಿಗೆ ಕಳಿಸುತ್ತವೆ, ಇದಕ್ಕೆ ಬೇರೆ ಹಣವಿಲ್ಲ. ಆದರೆ ಸೇವ್ ಅಳಿಸಲು ಹೋದಾಗ ಎರಡು ದಾರಿ ತೋರಿಸುತ್ತದೆ: ಈ ಯಂತ್ರದಿಂದ ಮಾತ್ರ ಅಳಿಸು, ಎಲ್ಲ ಕಡೆಯಿಂದಲೂ ಅಳಿಸು. 'ಎವ್ರಿವೇರ್' ಎಂಬ ಇಂಗ್ಲಿಷ್ ಮಾತು ಕಂಡಲ್ಲಿ ಕೈ ಹಿಂದಕ್ಕೆ ತೆಗೆಯಿರಿ. ಅದನ್ನು ಒತ್ತಿದರೆ ಕ್ಲೌಡಿನ ಪ್ರತಿಯೂ ಹೋಗುತ್ತದೆ.

ನಿಂಟೆಂಡೊ ಸ್ವಿಚ್: ಹೊರದೇಶದಲ್ಲಿರುವ ಮಗನೋ ಮಗಳೋ ರಜೆಗೆ ಬರುವಾಗ ತಂದುಕೊಡುವ ಕೈಯಲ್ಲಿ ಹಿಡಿಯುವ ಯಂತ್ರ. ಇದರಲ್ಲಿ ಮೆಮೊರಿ ಕಾರ್ಡ್ ಹಾಕಬಹುದು. ಆದರೆ ಕಾರ್ಡಿಗೆ ಹೋಗುವುದು ಆಟ, ಸೇವ್ ಅಲ್ಲ. ಸೇವ್ ಯಂತ್ರದ ಒಳಗೇ ಉಳಿಯುತ್ತದೆ. ಕಾರ್ಡ್ ತೆಗೆದಿಟ್ಟುಕೊಂಡು ಯಂತ್ರವನ್ನು ಯಾರಿಗಾದರೂ ಕೊಟ್ಟರೆ ಸೇವ್ ಯಂತ್ರದ ಜೊತೆ ಹೋದಂತೆ. ಇದರಲ್ಲಿ 'ಆರ್ಕೈವ್' ಎಂಬ ಒಳ್ಳೆಯ ಉಪಾಯವಿದೆ. ಆಟದ ಭಾರ ಇಳಿಯುತ್ತದೆ, ಅದರ ಚಿತ್ರ ಮತ್ತು ಸೇವ್ ಉಳಿಯುತ್ತವೆ.

ಅಜ್ಜ ಅಜ್ಜಿಯರು ಮಾಡಬಾರದ ಮೂರು ಕೆಲಸ

ಒಂದು, ಮಲಗುವ ಮುಂಚೆ ಗೋಡೆಯ ಸ್ವಿಚ್ಚನ್ನು ತಟ್ಟನೆ ಆರಿಸುವುದು. ಕರೆಂಟು ಉಳಿಸುವ ಸದ್ಬುದ್ಧಿ ನಮ್ಮದು. ಆದರೆ ಪ್ಲೇಸ್ಟೇಷನ್‌ನ ದೀಪ ಕಿತ್ತಳೆ ಬಣ್ಣದಲ್ಲಿದ್ದರೆ ಅದು ಅರೆನಿದ್ರೆಯಲ್ಲಿದೆ, ಒಳಗೆ ಕೆಲಸ ನಡೆಯುತ್ತಿರಬಹುದು. ದಾಖಲೆ ಬರೆಯುತ್ತಿರುವಾಗ ಕರೆಂಟು ಹೋದರೆ ಅರ್ಧ ಬರೆದ ಸೇವ್ ಕೆಡಬಹುದು. ಮಕ್ಕಳಿಗೆ ಹೇಳಿ ಪೂರ್ತಿ ಆರಿಸಲು ಹೇಳಿ, ದೀಪ ಆರಿದ ಮೇಲೆ ಸ್ವಿಚ್ ಮುಟ್ಟಿ. ಪದೇ ಪದೇ ಕರೆಂಟು ಹೋಗುವ ಊರಾದರೆ ಯುಪಿಎಸ್‌ಗೆ ಜೋಡಿಸುವುದು ಒಳ್ಳೆಯದು.

ಎರಡು, ಹಳೆಯ ಹಾರ್ಡ್ ಡಿಸ್ಕನ್ನು 'ಇದನ್ನು ಹಾಕಿಕೋ' ಎಂದು ಕೊಡುವುದು. ಜಾಗ ಹೆಚ್ಚಿಸಲು ಹೊರಗಿನ ಡಿಸ್ಕ್ ಜೋಡಿಸಬಹುದು, ಅದು ಸರಿ. ಪ್ಲೇಸ್ಟೇಷನ್ 5ಕ್ಕೆ ಕನಿಷ್ಠ 250 ಜಿಬಿಯದು ಬೇಕು. ಅದರಲ್ಲಿಟ್ಟ ಪಿಎಸ್5 ಆಟಗಳನ್ನು ಆಡುವಾಗ ಒಳಕ್ಕೆ ತಂದುಕೊಳ್ಳಬೇಕು, ಅದು ಮತ್ತೆ ಡೌನ್‌ಲೋಡ್ ಮಾಡುವುದಕ್ಕಿಂತ ಬೇಗ ಆಗುತ್ತದೆ. ಆದರೆ ಮೊದಲ ಸಲ ಹೀಗೆ ಜೋಡಿಸುವಾಗ ಯಂತ್ರ ಆ ಡಿಸ್ಕನ್ನು ಫಾರ್ಮ್ಯಾಟ್ ಮಾಡುತ್ತದೆ. ಅದರಲ್ಲಿದ್ದ ಮದುವೆಯ ಫೋಟೊ, ನಾಮಕರಣದ ವಿಡಿಯೊ ಎಲ್ಲ ಗುಡಿಸಿ ಹೋಗುತ್ತದೆ. ಹೊಸ ಡಿಸ್ಕನ್ನೇ ಕೊಡಿ.

ಮೂರು, ಯಂತ್ರ ಸತಾಯಿಸುತ್ತದೆ ಎಂದು ಪೂರ್ತಿ ರೀಸೆಟ್ ಮಾಡಲು ಒಪ್ಪುವುದು. ನೆಗಡಿ ಬಂತೆಂದು ಮೂಗು ಕೊಯ್ದುಕೊಂಡ ಹಾಗಾಗುತ್ತದೆ. ರೀಸೆಟ್ ಎಂದರೆ ಪೆಟ್ಟಿಗೆ ಅಂಗಡಿಯಿಂದ ಬಂದ ದಿನದ ಸ್ಥಿತಿಗೆ ಹೋಗುವುದು. ಮಾರುವಾಗ, ಬೇರೆಯವರಿಗೆ ಕೊಡುವಾಗ ಅದು ಬೇಕು. ಅದೂ ಪ್ರತಿಗಳನ್ನು ಮಾಡಿಟ್ಟುಕೊಂಡ ಮೇಲೆ. ರಿಪೇರಿಗೆ ಕೊಡುವಾಗಲೂ ಇದೇ ಮಾತು.

ಗೆಲ್ಲಬಾರದ ಪಂದ್ಯ

ಒಂದು ಸೇವ್ ಎಂದರೆ ಎಷ್ಟು ದೊಡ್ಡದಿರಬಹುದು ಎಂಬುದಕ್ಕೆ ಒಂದು ಸಂಗತಿ ಹೇಳುತ್ತೇನೆ. ಇದು 2014ರಲ್ಲಿ ಹೊರದೇಶದ ಒಬ್ಬ ಹುಡುಗ ತಾನೇ ಬರೆದುಕೊಂಡದ್ದು. ಅನೇಕರ ಮನ ಕಲಕಿತು, ಅದನ್ನಾಧರಿಸಿ ಕಿರುಚಿತ್ರವೂ ಬಂತು.

ಹುಡುಗ ನಾಲ್ಕು ವರ್ಷದವನಿದ್ದಾಗ ಅವನ ತಂದೆ ಮೊದಲ ಎಕ್ಸ್‌ಬಾಕ್ಸ್ ತಂದರು. ತಂದೆ ಮಗ ಸೇರಿ ಹೊತ್ತು ಹೋದದ್ದು ತಿಳಿಯದಂತೆ ಆಡುತ್ತಿದ್ದರು. ಹುಡುಗನಿಗೆ ಆರು ವರ್ಷವಾದಾಗ ತಂದೆ ತೀರಿಕೊಂಡರು. ಹತ್ತು ವರ್ಷ ಆ ಪೆಟ್ಟಿಗೆಯನ್ನು ಮುಟ್ಟಲು ಅವನಿಗೆ ಮನಸ್ಸು ಬರಲಿಲ್ಲ.

ಕೊನೆಗೊಮ್ಮೆ ಹಚ್ಚಿದ. ರ‍್ಯಾಲಿಸ್ಪೋರ್ಟ್ ಚಾಲೆಂಜ್ ಎಂಬ ಕಾರಿನ ಪಂದ್ಯದ ಆಟ. ಅಂಥ ಆಟಗಳಲ್ಲಿ ಒಂದು ಕ್ರಮವಿದೆ. ಯಾರು ಅತಿ ವೇಗವಾಗಿ ಸುತ್ತು ಮುಗಿಸಿರುತ್ತಾರೋ ಅವರ ಓಟವನ್ನು ಯಂತ್ರ ಹಾಗೆಯೇ ದಾಖಲಿಸಿಟ್ಟುಕೊಳ್ಳುತ್ತದೆ. ಮುಂದೆ ಆಡುವವರ ಜೊತೆ ಆ ಕಾರು ನೆರಳಿನಂತೆ ಓಡುತ್ತದೆ. ಇಂಗ್ಲಿಷಿನಲ್ಲಿ ಇದಕ್ಕೆ ಘೋಸ್ಟ್ ಎನ್ನುತ್ತಾರೆ. ಆ ಹಾದಿಯಲ್ಲಿ ಅತಿ ವೇಗದ ಓಟ ಅವನ ತಂದೆಯದಾಗಿತ್ತು. ಹತ್ತು ವರ್ಷದ ನಂತರ ಅಪ್ಪನ ಕಾರು ಅವನ ಮುಂದೆ ಓಡುತ್ತಿತ್ತು. ಅಪ್ಪ ಎಲ್ಲಿ ತಿರುಗಿಸಿದ್ದರೋ ಅಲ್ಲೇ ತಿರುಗುತ್ತಿತ್ತು.

ಹುಡುಗ ಆಡಿದ, ಆಡಿದ, ಆ ನೆರಳನ್ನು ಹಿಂದೆ ಹಾಕುವಷ್ಟು ಕಲಿತ. ಒಂದು ದಿನ ಮುಂದೆ ಹೋದವನು ಗೆರೆಯ ಹತ್ತಿರ ಬಂದು ಕಾರು ನಿಲ್ಲಿಸಿಬಿಟ್ಟ. ಏಕೆಂದರೆ ಅವನು ಗೆದ್ದರೆ ಹೊಸ ದಾಖಲೆ ಬರುತ್ತದೆ, ಹಳೆಯದು ಅಳಿಸಿಹೋಗುತ್ತದೆ. ಅಪ್ಪನ ಕಾರು ಗೆರೆ ದಾಟಲಿ ಎಂದು ಕಾದ.

ಆ ದಾಖಲೆ ಎಷ್ಟು ಕೆಬಿ ಇದ್ದಿರಬಹುದು? ಬೇರೊಬ್ಬರ ಕಣ್ಣಿಗೆ ಅದು ಹಳೆಯ ಪೆಟ್ಟಿಗೆಯೊಳಗಿನ ಕಸ. ಯಾರಾದರೂ ಉಪಕಾರ ಮಾಡುತ್ತೇನೆಂದು ಆ ಪೆಟ್ಟಿಗೆಯನ್ನು 'ಕ್ಲೀನ್' ಮಾಡಿಕೊಟ್ಟಿದ್ದರೆ?

ಒಂದು ನೋಟ್‌ಬುಕ್ ಸಾಕು

ಬ್ಯಾಂಕಿನಲ್ಲಿ ಹಳೆಯ ಕಾಗದಗಳನ್ನು ಮನಸ್ಸಿಗೆ ಬಂದಂತೆ ಸುಡುವಂತಿಲ್ಲ. ಯಾವ ದಾಖಲೆಯನ್ನು ಎಷ್ಟು ಕಾಲ ಇಡಬೇಕು ಎಂಬುದಕ್ಕೆ 1985ರ ನಿಯಮಗಳಿವೆ. ಕೆಲವಕ್ಕೆ 5 ವರ್ಷ, ಕೆಲವಕ್ಕೆ 8 ವರ್ಷ. ಒಬ್ಬ ಬರೆದದ್ದನ್ನು ಇನ್ನೊಬ್ಬ ನೋಡಿ ಸಹಿ ಹಾಕಬೇಕು. ಗ್ರಾಹಕರ ಲಾಕರ್ ತೆಗೆಯಲು ಬ್ಯಾಂಕಿನ ಬೀಗದ ಕೈಯೂ ಬೇಕು, ಗ್ರಾಹಕರ ಬೀಗದ ಕೈಯೂ ಬೇಕು. ಒಬ್ಬರ ಮೇಲೆ ಅಪನಂಬಿಕೆ ಎಂದಲ್ಲ. ಅವಸರದಲ್ಲಿ ಒಂದು ಕಣ್ಣು ತಪ್ಪಿದ್ದನ್ನು ಇನ್ನೊಂದು ಕಣ್ಣು ಹಿಡಿಯಲಿ ಎಂದು.

ಅದೇ ಕ್ರಮವನ್ನು ಮನೆಗೆ ತನ್ನಿ. ನೂರು ಪುಟದ ಒಂದು ನೋಟ್‌ಬುಕ್ ತೆಗೆದು ಪುಟಕ್ಕೆ ಐದು ಗೆರೆ ಎಳೆಯಿರಿ. ಆಟದ ಹೆಸರು, ಅದು ತಿನ್ನುವ ಜಾಗ, ಯಾರ ಸೇವ್, ಕೊನೆಗೆ ಆಡಿದ ದಿನ, ಪ್ರತಿ ಎಲ್ಲಿದೆ. ಬರೆಯುವ ಕೆಲಸ ಮೊಮ್ಮಗಳದು, ಕೂಡಿಸಿ ನೋಡುವ ಕೆಲಸ ತಾತನದು. ಜಾಗ ಸಾಲದೆ ಬಂದಾಗ ಪರದೆಯ ಮುಂದೆ ಗಾಬರಿಯಾಗದೆ ನೋಟ್‌ಬುಕ್ ತೆರೆಯಿರಿ. ಮೊದಲು ವಿಡಿಯೊ, ಆಮೇಲೆ ಆಡಿ ಮುಗಿಸಿದ ಆಟ, ಆಮೇಲೆ ಡಿಸ್ಕ್ ಇರುವ ಆಟ. ಸೇವ್ ಎಲ್ಲಕ್ಕಿಂತ ಕೊನೆಗೆ. ಅದೂ ಯಾರದೋ ಅವರ ಒಪ್ಪಿಗೆ ಪಡೆದು.

ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಮನೆಯ ನಿಯಮವನ್ನು ದಪ್ಪ ಅಕ್ಷರದಲ್ಲಿ ಬರೆಯಿರಿ: ಅಳಿಸುವ ಮುನ್ನ ಎರಡು ಸಹಿ. ಒಂದು, ಆ ಸೇವ್ ಯಾರದೋ ಅವರದು. ಇನ್ನೊಂದು, ಮನೆಯಲ್ಲಿ ಆ ಹೊತ್ತಿಗೆ ಬಿಡುವಾಗಿರುವ ಹಿರಿಯರದು. ಇಂಗ್ಲಿಷ್ ಬಾರದ ಅಜ್ಜಿಯ ಸಹಿಯೂ ನಡೆಯುತ್ತದೆ. ಅವರು ಕೇಳಬೇಕಾದದ್ದು ಒಂದೇ ಮಾತು: "ಇದು ಯಾರದ್ದು? ಅವರನ್ನ ಕೇಳಿದ್ಯಾ?"